ಕ್ರಿಯಾಪದದ ಪಕ್ಕದ ಜಾಗ

ನಮ್ಮೂರಿನಲ್ಲಿ ಯಾರೂ ‘ಸಾರಿಗೆ ಉಪ್ಪು ಹಾಕಿದೆ’ ಎನ್ನುವುದಿಲ್ಲ. ಹಾಗೆಂದರೆ ಹುಳಿ, ಖಾರ, ಬೇಳೆ ಎಲ್ಲ ಪಾತ್ರೆಯಿಂದ ಮಾಯವಾಗಿ ಉಪ್ಪುನೀರೊಂದೇ ಕುದಿಯುತ್ತಿರುತ್ತದೆ. ‘ಹಾಕಿದೆ ಸಾರಿಗೆ ಉಪ್ಪು’ ಎನ್ನುತ್ತೇವೆ. ಕ್ರಿಯಾಪದವನ್ನು ಮೊದಲು ಆಡಿ, ಮಿಕ್ಕ ಪದಗಳನ್ನು ಅದರ ಬೆನ್ನ ಹಿಂದೆ ನಿಲ್ಲಿಸುವುದು ನಮಗೆ ತೊಟ್ಟಿಲಿನಲ್ಲೇ ಬಂದ ಅಭ್ಯಾಸ. ಯಾವುದಾದರೂ ಪದವನ್ನು ಕ್ರಿಯಾಪದಕ್ಕೆ ಮೊದಲು, ಅದಕ್ಕೆ ತಾಗಿದ ಹಾಗೆ ಕೂರಿಸಿ ಬಾಯಿಬಿಟ್ಟು ಹೇಳಿದರೆ ಮುಗಿಯಿತು, ಆ ಮಾತು ಅದೊಂದಕ್ಕೆ ಮಾತ್ರ ಸಲ್ಲುತ್ತದೆ. ಬೇರೆ ಯಾರಿಗೂ, ಬೇರೆ ಯಾವುದಕ್ಕೂ ಅಲ್ಲಿ ಎಡೆಯಿಲ್ಲ. ಆಡಿದವರೇ ಅದನ್ನು ಇನ್ನೊಂದು ಬಗೆಯಲ್ಲಿ ಮತ್ತೆ ಆಡುವವರೆಗೂ ಅದು ಹಾಗೇ ನಿಲ್ಲುತ್ತದೆ. ಬರೆದರೆ ಮಾತ್ರ ಏನೂ ಆಗುವುದಿಲ್ಲ. ಅದಕ್ಕೇ ನಾನು ಇದನ್ನು ಎಲ್ಲರ ಹಾಗೆ ನೆಮ್ಮದಿಯಾಗಿ ಬರೆಯುತ್ತಿದ್ದೇನೆ.

ಹೊರಗಿನಿಂದ ಬಂದವರಿಗೆ ನಾವು ಹಾಡು ಹೇಳುತ್ತಿರುವಂತೆ ಕೇಳಿಸುತ್ತದಂತೆ. ಕೆಲಸಕ್ಕೆ ಹೊಸದಾಗಿ ಸೇರಿದ ಒಬ್ಬ ಕಂಡಕ್ಟರ್ ‘ಈ ಬಸ್ಸು ಆಸ್ಪತ್ರೆಗೆ ಹೋಗುತ್ತೆ’ ಎಂದು ಕೂಗಿದ. ಬಸ್ಸು ಯಾವ ದಾರಿ ಹಿಡಿದರೂ ಆಸ್ಪತ್ರೆಯ ಮುಂದೆಯೇ ಹೋಗಿ ನಿಲ್ಲತೊಡಗಿತು. ಕೊನೆಗೆ ಮುದುಕಿಯೊಬ್ಬಳು ಅವನ ಕಿವಿ ಹಿಂಡಿ ಸರಿಯಾಗಿ ಹೇಳಿಸಿದಳು. ನಮ್ಮಲ್ಲಿ ಪ್ರೇಮಿಗಳು ಕೂಡ ‘ನಿನ್ನನ್ನು ಪ್ರೀತಿಸುತ್ತೇನೆ’ ಎನ್ನುವುದಿಲ್ಲ. ಹಾಗೆಂದ ಹುಡುಗ ಮನೆಗೆ ಹೋಗಿ ಹೆತ್ತ ತಾಯಿಯನ್ನು ಯಾರೋ ಎಂಬಂತೆ ನೋಡಿದ್ದುಂಟು. ‘ಇಷ್ಟ ನೀನಂದ್ರೆ’ ಅಂತ ಹೇಳಿ ಅಷ್ಟಕ್ಕೇ ನಿಲ್ಲಿಸುತ್ತಾರೆ.

ನಮ್ಮದು ಬಳಪದ ಊರು. ಗುಡ್ಡದಿಂದ ಕಲ್ಲು ಕಡಿದು ತಂದು ಬಳಪ ಕೊರೆಯುತ್ತಾರೆ. ಅದರ ಬಿಳಿ ಪುಡಿ ಬೀದಿಯ ಮೇಲೆ, ಗಿಡದ ಎಲೆಯ ಮೇಲೆ, ಒಣಹಾಕಿದ ಬಟ್ಟೆಯ ಮೇಲೆ ಸದಾ ಕೂತಿರುತ್ತದೆ. ನಾನು ಮನೆಯಲ್ಲೇ ಹೆಣ್ಣುಮಕ್ಕಳಿಗೆ ಹೊಲಿಗೆ ಕಲಿಸುತ್ತೇನೆ. ಎಲ್ಲರೂ ನನ್ನನ್ನು ರೇವಕ್ಕ ಎನ್ನುತ್ತಾರೆ. ಎದುರು ಮನೆ ಕಾತ್ಯಾಯಿನಮ್ಮನವರದು. ಗಂಡ ತೀರಿಕೊಂಡ ಮೇಲೆ ಮಗ ಶ್ರೀಕಂಠನನ್ನೂ ಮಗಳು ಹೈಮಳನ್ನೂ ಒಬ್ಬರೇ ಸಾಕಿದವರು. ನಾಲಿಗೆಯ ವಿಷಯದಲ್ಲಿ ನಮ್ಮ ಬೀದಿಯಲ್ಲಿ ಅವರಷ್ಟು ಜಾಗರೂಕರು ಇರಲಿಲ್ಲ. ಪಕ್ಕದ ಮನೆಯ ಮಗು ಮಾತು ತಪ್ಪಿದರೂ ಕಿಟಕಿಯಿಂದಲೇ ತಿದ್ದುತ್ತಿದ್ದರು. ಅಂಥವರ ಬಾಯಿಂದ ಆ ವಾಕ್ಯ ಬಂದದ್ದು ಹೈಮಳ ನಿಶ್ಚಿತಾರ್ಥದ ದಿನ.

ಗಂಡಿನ ಕಡೆಯವರು ಬಂದು ಕೂತಿದ್ದರು. ತಟ್ಟೆಗಳಲ್ಲಿ ಹಣ್ಣು, ಹೂವು, ಸೀರೆ. ಹೈಮ ನಡುಮನೆಗೆ ಬಂದು ನಿಂತು, ‘ಕ್ಷಮಿಸಿ ನನ್ನನ್ನು. ಒಲ್ಲೆ ನಾನು ಈ ಮದುವೆ’ ಎಂದಳು. ಗಟ್ಟಿಯಾಗಿ ಕೂಡ ಅನ್ನಲಿಲ್ಲ. ಆ ಹುಡುಗ ಕೆಟ್ಟವನೇನಲ್ಲ. ಆದರೆ ಅವಳಿಗೆ ಓದುವ ಆಸೆಯಿತ್ತು, ಅದನ್ನು ತಿಂಗಳಿಂದಲೂ ತಾಯಿಗೆ ಹೇಳುತ್ತಲೇ ಇದ್ದಳು. ಕಾತ್ಯಾಯಿನಮ್ಮ ಕೇಳಿಯೂ ಕೇಳದ ಹಾಗಿದ್ದರು. ಈಗ ಅಷ್ಟು ಜನರೆದುರು ಅವರ ಮುಖ ಕೆಂಪಾಯಿತು. ‘ಹೋಗು ಹಾಗಾದ್ರೆ!’ ಎಂದರು. ಹೈಮ ನಿಜವಾಗಿಯೂ ಮೆಟ್ಟಿಲಿಳಿದಳು. ಅದನ್ನು ಕಂಡು ಸಿಟ್ಟು ಇನ್ನೂ ಏರಿ, ‘ಈ ಮನೆಗೆ ಇನ್ನು ಶ್ರೀಕಂಠ ಬರ್ತಾನೆ!’ ಎಂದುಬಿಟ್ಟರು.

ಬೀದಿಯ ಈಚೆ ನಿಂತಿದ್ದ ನನಗೂ ಕೇಳಿಸಿತು. ಮಗಳು ಬರಬಾರದು ಎಂಬುದಷ್ಟೇ ಅವರ ಮನಸ್ಸಿನಲ್ಲಿದ್ದದ್ದು. ಆದರೆ ಕ್ರಿಯಾಪದದ ಪಕ್ಕದಲ್ಲಿ ಶ್ರೀಕಂಠ ಕೂತುಬಿಟ್ಟಿದ್ದ. ಮಿಕ್ಕ ಯಾರಿಗೂ ಆ ಮನೆಯೊಳಗೆ ಬರಲಾಗದಂತಾಯಿತು. ಹಿತ್ತಲಿಗೆ ಕೈತೊಳೆಯಲು ಹೋಗಿದ್ದ ಗಂಡಿನ ಸೋದರಮಾವ ತಿರುಗಿ ಒಳಗೆ ಕಾಲಿಟ್ಟರೆ ಆ ಕಾಲು ಮತ್ತೆ ಬಟ್ಟೆ ಒಗೆಯುವ ಕಲ್ಲಿನ ಹತ್ತಿರವೇ ಊರಿತು. ಪಾಪ, ಸಂದಿಯಲ್ಲಿ ನುಸುಳಿ ಮುಂಬಾಗಿಲಿಗೆ ಬಂದರು. ಅವರ ಶಾಲನ್ನು ಶ್ರೀಕಂಠ ಕಿಟಕಿಯಿಂದ ಕೊಟ್ಟ. ಉಳಿದವರೂ ಒಬ್ಬೊಬ್ಬರಾಗಿ ಎದ್ದು ಹೊರಟರು. ಹೊರಟವರು ಮತ್ತೆ ಬರುವಂತಿರಲಿಲ್ಲ.

ಹೈಮ ನಮ್ಮ ಮಹಡಿಯ ಕೋಣೆಯಲ್ಲಿ ಕೆಲವು ದಿನ ಇದ್ದಳು. ಕಾತ್ಯಾಯಿನಮ್ಮ ಆ ವಾಕ್ಯವನ್ನು ತಿರುಗಿಸಿ ಆಡಿದ್ದರೆ ಎಲ್ಲ ಸರಿಹೋಗುತ್ತಿತ್ತು, ಒಂದು ಉಸಿರಿನ ಕೆಲಸ. ನಾನು ಕಿಟಕಿಯ ಬಳಿ ಹೋಗಿ ಎಷ್ಟೋ ಹೇಳಿದೆ. ‘ಕೇಳಲಿ ಬಂದು ಅವಳು. ಆಡ್ತೀನಿ ಆಮೇಲೆ’ ಎಂದರು. ಹೈಮಳಿಗೆ ಹೇಳಿದರೆ, ‘ಕರೀಲಿ ಅಮ್ಮ. ಹೋಗ್ತೀನಿ ಆಮೇಲೆ’ ಎಂದಳು. ಇಬ್ಬರದೂ ಒಂದೇ ಮೂಗು, ಒಂದೇ ಹಟ. ಕಾಲೇಜು ಶುರುವಾಗುವ ಹೊತ್ತಿಗೆ ಹೈಮ ಬಸ್ಸು ಹತ್ತಿದಳು. ಕಾತ್ಯಾಯಿನಮ್ಮ ಪರದೆ ಸರಿಸಿ ನೋಡಿದ್ದನ್ನು ನಾನು ನೋಡಿದೆ.

ಅಲ್ಲಿಂದ ಮುಂದೆ ಆ ಮನೆಯ ಬದುಕೇ ಬೇರೆಯಾಯಿತು. ಅರಿಶಿನ ಕುಂಕುಮ, ಹಬ್ಬದ ಎಡೆ, ಊರ ಸುದ್ದಿ ಎಲ್ಲವೂ ಕಿಟಕಿಯ ಸರಳಿನ ನಡುವೆ. ನಲ್ಲಿ ಸೋರಿದರೆ ರಿಪೇರಿಯವನು ಒಳಗೆ ಹೋಗುವಂತಿಲ್ಲ. ಹೀಗಾಗಿ ಬಳಪದ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದ ಶ್ರೀಕಂಠ ನಲ್ಲಿಯ ಕೆಲಸ ಕಲಿತ, ವೈರಿಂಗ್ ಕಲಿತ, ಗೋಡೆಗೆ ಗಾರೆ ಬಳಿಯುವುದನ್ನು ಕಲಿತ. ಅವನಿಗೆ ಹೆಣ್ಣು ಕೊಡಲು ಬಂದವರೆಲ್ಲ, ಸೊಸೆ ಹೊಸ್ತಿಲು ತುಳಿಯುವುದು ಹೇಗೆ ಎಂದು ಕೇಳಿ ಬೀದಿಯಿಂದಲೇ ವಾಪಸಾದರು. ಕಾತ್ಯಾಯಿನಮ್ಮ ತಾವೂ ಹೊರಗೆ ಬರಲಿಲ್ಲ. ಹೊರಬಿದ್ದರೆ ತಮಗೂ ಒಳಗೆ ದಾರಿಯಿಲ್ಲ. ಮಾತನ್ನು ತಿರುಗಿಸಬೇಕು, ಅದಕ್ಕೆ ಅವರು ತಯಾರಿರಲಿಲ್ಲ. ಗಂಡ ನಿಂತು ಕಟ್ಟಿಸಿದ ಮನೆ, ಅಲ್ಲೇ ಇರುತ್ತೇನೆ ಎಂಬಂತೆ ಇದ್ದುಬಿಟ್ಟರು.

ಹೈಮ ಮಾತ್ರ ಆ ವಾಕ್ಯವನ್ನು ಎದೆಯಲ್ಲೇ ಇಟ್ಟುಕೊಂಡು ಹೋಗಿದ್ದಳು. ಹೊರಗಿನ ಊರುಗಳಲ್ಲಿ ಜನ ಪದಗಳನ್ನು ಹೇಗೆ ಬೇಕಾದರೆ ಹಾಗೆ ಎಸೆಯುತ್ತಾರೆ, ಏನೂ ಆಗುವುದಿಲ್ಲ. ಅದನ್ನು ನೋಡಿ ಅವಳಿಗೆ ಮೊದಮೊದಲು ಸಂತೋಷ, ಆಮೇಲೆ ಬೇಸರ. ಒಂದು ದಿನ ಕಾಲೇಜಿನ ಲೈಬ್ರರಿಯಲ್ಲಿ ಹಂಗೇರಿಯನ್ ಭಾಷೆಯ ವ್ಯಾಕರಣವೊಂದು ಕೈಗೆ ಸಿಕ್ಕಿತು. ಆ ಭಾಷೆಯಲ್ಲಿ ಪದಗಳು ಅತ್ತಿತ್ತ ಓಡಾಡಬಹುದು, ಆದರೆ ಕ್ರಿಯಾಪದದ ಮುಂಚಿನ ಜಾಗ ಒಂದು ವಿಶೇಷ ಆಸನ, ಅಲ್ಲಿ ಕೂತದ್ದು ಮಿಕ್ಕವನ್ನು ಹೊರಗಿಡುತ್ತದೆ ಎಂದು ಅದರಲ್ಲಿತ್ತು. ‘ಕೂತುಬಿಟ್ಟೆ ರೇವಕ್ಕ ನೆಲದ ಮೇಲೆ’ ಎಂದು ಆಮೇಲೆ ನನಗೆ ಹೇಳಿದಳು. ‘ಅನ್ನಿಸ್ತು, ಗೊತ್ತು ಇವರಿಗೆ ನಮ್ಮನೆ ಕಥೆ.’

ಆ ಭಾಷೆಯನ್ನೇ ಹಿಡಿದಳು. ವಿದ್ಯಾರ್ಥಿವೇತನ ಸಿಕ್ಕಿ ಬುಡಾಪೆಸ್ಟ್‌ಗೂ ಹೋದಳು. ಹಂಗೇರಿಯನ್ ವಾಕ್ಯರಚನೆಯ ಮೇಲೆ ಸಂಶೋಧನೆ ಮಾಡಿದಳು. ಹೋದ ಹೊಸತರಲ್ಲಿ ಬೇಕರಿಗೆ ಹೋಗಿ ಬ್ರೆಡ್ಡನ್ನು ಕ್ರಿಯಾಪದದ ಪಕ್ಕದಲ್ಲಿಟ್ಟು ಕೇಳಿ, ಇನ್ನು ಹಾಲು ಸಿಗುವುದಿಲ್ಲ ಎಂದು ಹೆದರಿಕೊಂಡು ನಿಂತಳಂತೆ. ಅಂಗಡಿಯಾಕೆ ಹಾಲನ್ನೂ ಕೊಟ್ಟು, ಮೇಲೊಂದು ಸಿಹಿ ಬನ್ನು ಇಟ್ಟಳು. ಅಲ್ಲಿ ಮಾತು ಬರೀ ಮಾತು. ಅವಳಿಗೆ ಪಾಠ ಹೇಳುತ್ತಿದ್ದ ಇಲೋನಾ ಎಂಬ ವಯಸ್ಸಾದ ಪ್ರೊಫೆಸರ್ ಅವಳನ್ನು ಮನೆಮಗಳ ಹಾಗೆ ನೋಡಿಕೊಂಡರು. ಆ ಆಸನದಲ್ಲಿ ಕೂತ ಪದವನ್ನು ಎಬ್ಬಿಸುವುದು ಹೇಗೆ ಎಂದು ಹೈಮ ಬೇರೆ ಬೇರೆ ಥರ ಕೇಳುತ್ತಲೇ ಇದ್ದಳು. ಒಂದು ದಿನ ಆಕೆ ಕನ್ನಡಕ ತೆಗೆದಿಟ್ಟು, ‘ಯಾಕಮ್ಮ ಎಬ್ಬಿಸಬೇಕು? ಹೇಳಿದವರು ಇನ್ನೊಂದು ಸಲ ಹೇಳಿದರೆ ಜಾಗ ಖಾಲಿಯಾಗಿರುತ್ತೆ. ಹೋಗಿ ಕೇಳು ಅವರನ್ನ’ ಎಂದರು. ಹೈಮ ಯಾರ ಹೆಸರನ್ನೂ ಹೇಳಿರಲಿಲ್ಲ. ಆಕೆಗೆ ಹೇಗೋ ಗೊತ್ತಾಗಿತ್ತು.

ಹೋಗಿ ಕೇಳುವುದೆಂದು ಹೈಮ ನಿಶ್ಚಯ ಮಾಡಿದ್ದಳು. ಈ ಬೇಸಿಗೆ, ಮುಂದಿನ ಬೇಸಿಗೆ ಎನ್ನುತ್ತಿರುವಾಗಲೇ ನಾನು ಫೋನು ಮಾಡಬೇಕಾಗಿ ಬಂತು. ‘ಬಂದುಬಿಡು ಹೈಮಾ. ಬಿದ್ದುಬಿಟ್ರು ನಿಮ್ಮಮ್ಮ. ಹೋಗಿದೆ ಬಲಗೈ ಬಲಗಾಲು. ಹೋಗಿದೆ ಮಾತೂ.’

‘ಹೊರಟೆ ಈಗ್ಲೇ’ ಎಂದು ಅವಳು ಫೋನಿಟ್ಟಳು.

ಪಾರ್ಶ್ವವಾಯು ಹೊಡೆದ ದಿನ ಡಾಕ್ಟರು ಕಿಟಕಿಯ ಹೊರಗೆ ನಿಂತು ಪರೀಕ್ಷೆ ಮಾಡಿದರು. ಆಸ್ಪತ್ರೆಗೆ ಸೇರಿಸಿ ಎಂದರು. ಶ್ರೀಕಂಠ ಎತ್ತಿಕೊಂಡು ಬಾಗಿಲವರೆಗೆ ತಂದರೆ ಕಾತ್ಯಾಯಿನಮ್ಮ ಎಡಗೈಯಲ್ಲಿ ಬಾಗಿಲ ಚೌಕಟ್ಟನ್ನು ಹಿಡಿದು ಬಿಡಲೇ ಇಲ್ಲ. ಆ ಹಿಡಿತಕ್ಕೆ ಸೋತು ಅವನು ಮಂಚವನ್ನು ಕಿಟಕಿಗೆ ಹತ್ತಿರ ಹಾಕಿದ. ಅಡಿಗೆ, ಸ್ನಾನ, ಔಷಧಿ ಎಲ್ಲ ಅವನೊಬ್ಬನದೇ. ಕೈ ಹಾಕಲು ಬೇರೆ ಯಾರಿಗೂ ಬಾಗಿಲಿರಲಿಲ್ಲ.

ಹೈಮ ಬಂದಿಳಿದಳು. ಕೂದಲಲ್ಲಿ ಅಲ್ಲಲ್ಲಿ ಬಿಳಿ. ಪೆಟ್ಟಿಗೆಯನ್ನು ಬೀದಿಯಲ್ಲೇ ಬಿಟ್ಟು ನೇರವಾಗಿ ಮೆಟ್ಟಿಲು ಹತ್ತಿ, ಹೊಸ್ತಿಲಾಚೆ ಕಾಲಿಟ್ಟಳು. ಆ ಕಾಲು ಬೀದಿಯ ಬಿಳಿ ಪುಡಿಯ ಮೇಲೆ ಬಂದು ನಿಂತಿತು. ತನ್ನ ಪೆಟ್ಟಿಗೆಯ ಪಕ್ಕದಲ್ಲೇ ನಿಂತಿದ್ದಳು. ‘ಇದೆಯಲ್ಲ ಇನ್ನೂ ಗಟ್ಟಿಯಾಗಿ’ ಎಂದು ನಗಲು ನೋಡಿದಳು, ಆಗಲಿಲ್ಲ. ಆಮೇಲೆ ಕಿಟಕಿಗೆ ಹೋದಳು. ಕಾತ್ಯಾಯಿನಮ್ಮ ಅವಳನ್ನು ನೋಡಿ ಮುಖವನ್ನು ಗೋಡೆಯ ಕಡೆ ತಿರುಗಿಸಿದರು. ಆದರೆ ಎಡಗೈ ತಾನಾಗಿಯೇ ಸರಳಿನ ಹತ್ತಿರ ಬಂತು. ಹೈಮ ಅದನ್ನು ಹಿಡಿದುಕೊಂಡು ನಿಂತೇ ಇದ್ದಳು. ನಾನು ಅವಳ ಪೆಟ್ಟಿಗೆಯನ್ನು ನಮ್ಮ ಮಹಡಿಗೆ ಸಾಗಿಸಿದೆ.

ಊರು ಬಿಟ್ಟು ಎಷ್ಟೋ ವರ್ಷವಾದವಳು, ಅವಳ ನಾಲಿಗೆ ಸಡಿಲವಾಗಿತ್ತು. ಊಟಕ್ಕೆ ಕೂತು ‘ರೇವಕ್ಕ, ನಂಗೆ ನೀರು ಕೊಡಿ’ ಎಂದಳು. ನೀರು ಕೊಟ್ಟೆ. ಅನ್ನ ಬಡಿಸಲು ಹೋದರೆ ಅದು ಸೌಟು ಬಿಟ್ಟು ಕೆಳಗೆ ಬೀಳಲೇ ಇಲ್ಲ. ಇಬ್ಬರೂ ಸೌಟನ್ನೇ ನೋಡಿದೆವು. ‘ಕೊಡಿ ರೇವಕ್ಕ ನೀರು, ಅನ್ನ, ಎಲ್ಲಾ!’ ಎಂದು ಅವಳು ತಲೆ ಚಚ್ಚಿಕೊಂಡ ಮೇಲೆ ಅನ್ನ ತಟ್ಟೆಗೆ ಬಿತ್ತು. ಅವತ್ತು ಅವಳು ಮೊದಲ ಬಾರಿಗೆ ನಕ್ಕಳು.

ದಿನಾ ಅಭ್ಯಾಸ ಮಾಡಿಸಿದರೆ ಅಲ್ಪಸ್ವಲ್ಪ ಮಾತು ಮರಳಬಹುದು ಎಂದು ಡಾಕ್ಟರು ಹೇಳಿದ್ದರು. ಹೈಮ ಬೆಳಿಗ್ಗೆ ಸಂಜೆ ಕಿಟಕಿಯ ಬಳಿ ಸ್ಟೂಲು ಹಾಕಿಕೊಂಡು ಕೂರುತ್ತಿದ್ದಳು. ‘ಬರಲಿ ಎಲ್ಲರೂ ಈ ಮನೆಗೆ’ ಅಂತ ಅಷ್ಟು ಹೇಳಿಸಿದರೆ ಸಾಕಿತ್ತು. ಕಾತ್ಯಾಯಿನಮ್ಮ ‘ಬ… ಬ…’ ಎಂದು ಬಾಯಿ ತೆರೆದು ಹೆಣಗುತ್ತಿದ್ದರು. ಒಂದು ಅಕ್ಷರಕ್ಕೆ ಇನ್ನೊಂದು ಅಕ್ಷರ ಸೇರುತ್ತಲೇ ಇರಲಿಲ್ಲ. ಒಂದು ಬೆಳಿಗ್ಗೆ ಅವರು ತಮ್ಮ ಮೇಲೇ ರೋಸಿಹೋಗಿ ಲೋಟ ಎತ್ತಿ ಎಸೆದರು. ಲೋಟ ಸರಳಿನ ನಡುವೆ ಹಾದು, ಬೀದಿಯಲ್ಲಿ ಬರುತ್ತಿದ್ದ ನನ್ನ ಹೊಲಿಗೆ ಹುಡುಗಿಯರ ನಡುವೆ ಬಂದು ಬಿತ್ತು. ಹೈಮ ಅದನ್ನು ಎತ್ತಿಕೊಂಡು ನಿಂತವಳು ಏನನ್ನೋ ಯೋಚಿಸುತ್ತ ಅದನ್ನು ಮತ್ತೆ ಸರಳಿನೊಳಗೆ ತೂರಿಸಿ, ‘ಬೆ’ ಎಂದಳು. ಹೊರಗೆ ಎಳೆದು, ‘ಕಿ’ ಎಂದಳು.

‘ಇದ್ಯಾವ ಭಾಷೆ?’ ಎಂದು ನಾನು ಕೇಳಿದೆ.

‘ಅವರದ್ದು, ಹಂಗೇರಿಯವರದ್ದು. ‘ಬೆ’ ಅಂದ್ರೆ ಒಳಗೆ, ‘ಕಿ’ ಅಂದ್ರೆ ಹೊರಗೆ. ಇರ್ತವೆ ಇವು ಕ್ರಿಯಾಪದಕ್ಕೆ ಅಂಟಿಕೊಂಡು.’ ಅವಳ ಕಣ್ಣು ಹೊಳೆಯುತ್ತಿತ್ತು. ‘ಕೇಳಿದ್ರೆ ಅಲ್ಲಿ ಯಾರಾದ್ರೂ “ಬರಬಹುದಾ ಒಳಗೆ” ಅಂತ, ಸಾಕು ಉತ್ತರಕ್ಕೆ “ಬೆ” ಒಂದೇ. ಆಯ್ತು, ಬಾ ಒಳಗೆ ಅಂತ ಅರ್ಥ. ಬೇಕಿಲ್ಲ ಕ್ರಿಯಾಪದ. ಇಲ್ಲದ ಮೇಲೆ ಕ್ರಿಯಾಪದ, ಇರೋಲ್ಲ ಅದರ ಪಕ್ಕದ ಜಾಗಾನೂ. ಆಗುತ್ತೆ ಅಮ್ಮನ ಕೈಲಿ ಅಷ್ಟು. ಒಂದೇ ಅಕ್ಷರ ರೇವಕ್ಕ!’

ಆ ‘ಬೆ’ಯ ಇನ್ನೊಂದು ಕಥೆಯನ್ನೂ ಹೇಳಿದಳು. ಮಾಮೂಲಿ ದಿನಗಳಲ್ಲಿ ಕ್ರಿಯಾಪದದ ಮುಂಚಿನ ಜಾಗದಲ್ಲಿ ಅದು ಕೂತಿರುತ್ತದೆ. ಒತ್ತಿ ಹೇಳಬೇಕಾದ ಪದವೊಂದು ಬಂತೆಂದರೆ ‘ಬೆ’ ಎದ್ದು ಕ್ರಿಯಾಪದದ ಹಿಂದೆ ಹೋಗಿ ನಿಲ್ಲಬೇಕು. ಕಾತ್ಯಾಯಿನಮ್ಮನ ವಾಕ್ಯವನ್ನು ಆ ಭಾಷೆಯಲ್ಲಿ ಹೇಳಿದರೂ ಶ್ರೀಕಂಠ ಬಂದು ಕೂತು ‘ಬೆ’ ಹಿಂದಕ್ಕೆ ಹೋಗುತ್ತದೆಯಂತೆ. ‘ಪಾಪ’ ಎಂದೆ ನಾನು. ‘ಅಂದಿದ್ದೆ ನಾನೂ ಹಾಗೇ, ಕ್ಲಾಸಿನಲ್ಲಿ. ನಕ್ಕುಬಿಟ್ರು ಇಲೋನಾ’ ಎಂದಳು ಹೈಮ.

ಅವತ್ತಿನಿಂದ ಲೋಟದ ಆಟ ಶುರುವಾಯಿತು. ಲೋಟ ಒಳಗೆ ಹೋದರೆ ‘ಬೆ’, ಹೊರಗೆ ಬಂದರೆ ‘ಕಿ’. ಮೊದಲು ಕಾತ್ಯಾಯಿನಮ್ಮ ಇದೇನು ಹುಚ್ಚು ಎಂಬಂತೆ ನೋಡಿದರು. ಕೆಲವು ದಿನ ಕಳೆದ ಮೇಲೆ ‘ಬೆ’ ಎಂದರು. ‘ಕಿ’ ಬರಲು ಇನ್ನೂ ತಡವಾಯಿತು. ಬಂದ ದಿನ ಅವರ ಬಾಯಿಯ ಒಂದು ಬದಿ ನಕ್ಕಿತು. ಲೋಟದ ಬದಲು ನಿಂಬೆಹಣ್ಣು, ಬಾಚಣಿಗೆ, ನನ್ನ ದಾರದ ಉಂಡೆ ಎಲ್ಲವೂ ಆ ಕಿಟಕಿಯಲ್ಲಿ ಒಳಗೆ ಹೊರಗೆ ಓಡಾಡಿದವು. ಅವರು ಒಂದು ಸಲವೂ ತಪ್ಪಲಿಲ್ಲ. ಬೀದಿಗೂ ಆ ಗೀಳು ಹತ್ತಿತು. ಮೇಕೆಯನ್ನು ಕೊಟ್ಟಿಗೆಗೆ ಅಟ್ಟುವಾಗ ‘ಬೆ, ಬೆ’ ಎನ್ನುತ್ತಿದ್ದರು, ಅಡಿಗೆಮನೆಗೆ ನುಗ್ಗಿದ ಬೆಕ್ಕಿಗೆ ‘ಕಿ!’ ಸಂಜೆ ಹೊತ್ತು ನಮ್ಮ ಜಗಲಿಯಲ್ಲಿ ಹೈಮಳ ಸುತ್ತ ಹತ್ತಾರು ಜನ ಸೇರಿ ಆ ಭಾಷೆಯ ಪದಗಳನ್ನು ಹೇಗೆ ಜೋಡಿಸುತ್ತಾರೆಂದು ಕೇಳಿ ತಿಳಿಯುತ್ತಿದ್ದರು. ಎಲ್ಲಿ ಯಾವ ಪದ ಕೂರಬೇಕೆಂದು ಅವಳು ಹೇಳುವ ಮೊದಲೇ ನಮ್ಮವರು ಹೇಳಿಬಿಡುತ್ತಿದ್ದರು. ‘ಕಷ್ಟಪಟ್ಟೆ ನಾನು ಇದಕ್ಕೆ ವರ್ಷಗಟ್ಟಲೆ’ ಎಂದು ಅವಳು ಹುಸಿಮುನಿಸು ತೋರುತ್ತಿದ್ದಳು.

ಒಂದು ಮಧ್ಯಾಹ್ನ ಹೈಮ ತಲೆ ಬಾಚಿಕೊಂಡು, ಒಗೆದ ಸೀರೆ ಉಟ್ಟುಕೊಂಡು ಕೆಳಗಿಳಿದಳು. ಇವತ್ತು ಕೇಳುತ್ತಾಳೆಂದು ಬೀದಿಗೆ ಹೇಗೋ ತಿಳಿದು ಎಲ್ಲರೂ ಬಾಗಿಲಿಗೆ ಬಂದಿದ್ದರು. ಶ್ರೀಕಂಠ ತಾಯಿಯ ಬೆನ್ನಿಗೆ ದಿಂಬು ಕೊಟ್ಟು ಕೂರಿಸಿದ್ದ. ಹೈಮ ಸರಳು ಹಿಡಿದು ನಿಂತಳು. ‘ಬೆಯೊಹೆತೆಕ್, ಅಮ್ಮಾ?’ ಎಂದಳು. ಬರಬಹುದಾ ಒಳಗೆ ಎಂಬುದಕ್ಕೆ ಅವರ ಮಾತು ಅದು. ಅದನ್ನೂ ಕಾತ್ಯಾಯಿನಮ್ಮನಿಗೆ ಕಲಿಸಿದ್ದಳು.

ಕಾತ್ಯಾಯಿನಮ್ಮ ಮಗಳ ಮುಖವನ್ನು ತುಂಬ ಹೊತ್ತು ನೋಡಿದರು. ಆಮೇಲೆ ಮನೆಯೊಳಗನ್ನು ನೋಡಿದರು, ನಡುಮನೆ, ಗೋಡೆ, ಮಾಡು. ಮತ್ತೆ ಮಗಳ ಕಡೆ ತಿರುಗಿ, ಬಾಯಿ ಸರಿಮಾಡಿಕೊಂಡು, ಎಲ್ಲರಿಗೂ ಕೇಳಿಸುವಂತೆ ಹೇಳಿದರು: ‘ಕಿ.’

ಹೊರಗೆ. ಹೈಮಳ ಕೈ ಸರಳಿನಿಂದ ಜಾರಿತು. ಅವಳು ನಮ್ಮ ಮನೆಗೆ ಬಂದು ಮಹಡಿ ಹತ್ತಿ ಪೆಟ್ಟಿಗೆ ತೆರೆದು ಬಟ್ಟೆಗಳನ್ನು ತುಂಬತೊಡಗಿದಳು. ನಾನು ಹಿಂದೆಯೇ ಹೋದೆ.

‘ತಪ್ಪಿರಬಹುದು ಕಣೇ ನಾಲಿಗೆ. ಬಂದಿರಬಹುದು ಒಂದರ ಬದಲು ಇನ್ನೊಂದು.’

‘ತಪ್ಪಿಲ್ಲ ರೇವಕ್ಕ. ನೋಡಿದೀರಲ್ಲ ನೀವೇ, ತಪ್ಪಿದಾರಾ ಒಂದು ದಿನಾನಾದ್ರೂ? ಅಂದ್ರು ಅವತ್ತು ಹೋಗು ಅಂತ, ಅಂದ್ರು ಇವತ್ತೂ. ಬಂದಿದ್ದಕ್ಕೆ ಇಷ್ಟು ದೂರ…’ ಮಡಿಸಿದ ಸೀರೆಯನ್ನು ಬಿಚ್ಚಿ ಮತ್ತೆ ಮಡಿಸಿದಳು. ಕಣ್ಣೊರೆಸಿಕೊಂಡಳು. ಅಳುವಾಗಲೂ ಅವಳ ಓದು ಅವಳನ್ನು ಬಿಡಲಿಲ್ಲ. ‘ಬರೋದೂ ಇಲ್ಲ ಹಾಗೆ ಉತ್ತರ. ಕೇಳಿದ್ರೆ “ಬೆ” ಅಂತ, ಬರಬೇಕು “ಬೆ”. ಇಲ್ಲದಿದ್ರೆ ಒಪ್ಪಿಗೆ, ಬರಬೇಕು “ನೆಮ್”, ಇಲ್ಲ ಅಂತ. ಕಲಿಸಿದೀನಿ ಅದನ್ನೂ. ಹೇಳಬಹುದಿತ್ತಲ್ಲ “ನೆಮ್”? ಹೇಳೋದಿಲ್ಲ ಯಾರೂ “ಕಿ” ಅಂತ ಆ ಪ್ರಶ್ನೆಗೆ. ಹೇಳೋದು ಅದನ್ನ ಬೇರೆ ಪ್ರಶ್ನೆಗೆ…’

ಅವಳ ಕೈ ನಿಂತಿತು. ನನ್ನನ್ನು ನೋಡಿದಳು. ನಾನೂ ಅವಳನ್ನು ನೋಡಿದೆ. ಸೀರೆಯನ್ನು ಅಲ್ಲೇ ಬಿಟ್ಟು ಚಪ್ಪಲಿಯನ್ನೂ ಮೆಟ್ಟದೆ ಓಡಿದಳು. ಬೀದಿಯ ಜನ ಇನ್ನೂ ಚದುರಿರಲಿಲ್ಲ. ಕಾತ್ಯಾಯಿನಮ್ಮ ಕಿಟಕಿಯ ಬಳಿ ಅದೇ ಭಂಗಿಯಲ್ಲಿ ಕೂತಿದ್ದರು. ಕಾದಿದ್ದರು. ಹೈಮ ಏದುಸಿರು ಬಿಡುತ್ತ, ‘ಕಿಯೊಸ್, ಅಮ್ಮಾ?’ ಎಂದು ಕೇಳಿದಳು. ಬರ್ತೀಯಾ ಹೊರಗೆ?

‘ಕಿ’ ಎಂದರು ಕಾತ್ಯಾಯಿನಮ್ಮ. ಇಷ್ಟು ಹೊತ್ತು ಬೇಕಾಯಿತೇನೇ ನಿನಗೆ ಎಂಬ ಸಿಡುಕು ಆ ಒಂದು ಅಕ್ಷರದಲ್ಲೇ ಇತ್ತು. ಎಡಗೈಯಿಂದ ಹೊದಿಕೆ ಸರಿಸಿದರು.

ಶ್ರೀಕಂಠನಿಗೆ ಗಾಬರಿ. ‘ಗೊತ್ತಲ್ಲಮ್ಮಾ ನಿಂಗೆ? ಬರೋಕಾಗಲ್ಲ ಮತ್ತೆ ಒಳಗೆ. ಹೇಳೋಕೂ ಆಗಲ್ಲ ನಿನ್ನ ಕೈಲಿ ಆ ಮಾತು.’ ಅವರು ಮಗನ ಕೆನ್ನೆಯನ್ನು ತಟ್ಟಿದರು. ಎತ್ತಿಕೊಳ್ಳಲು ಬಂದವನಿಗೆ ಬೇಡವೆಂದು ತಲೆಯಾಡಿಸಿ, ಅವನ ಹೆಗಲಿಗೆ ಒರಗಿ ನಡೆದರು. ಗಂಡನ ಫೋಟೋದ ಮುಂದೆ ಒಂದು ಗಳಿಗೆ ನಿಂತರು. ಬಾಗಿಲಿಗೆ ಬಂದಾಗ ಅವತ್ತು ಬಿಡದೆ ಹಿಡಿದುಕೊಂಡಿದ್ದ ಚೌಕಟ್ಟನ್ನು ಮುಟ್ಟಲೂ ಇಲ್ಲ. ಎಡಗಾಲು ಹೊಸ್ತಿಲು ದಾಟಿ ಜಗಲಿಯ ಮೇಲೆ ಬಂತು. ಬಲಗಾಲು ಒಳಗೇ ಉಳಿಯಿತು, ಎತ್ತಿದರೂ ಬರಲಿಲ್ಲ. ಹೈಮ ಜಗಲಿಯ ಮೇಲೆ ಮಂಡಿಯೂರಿ ಕೂತಳು. ಕಿಟಕಿಯ ಸರಳಿನ ನಡುವೆ ಕೈ ಹೋಗುತ್ತಿದ್ದ ಹಾಗೆಯೇ ಹೊಸ್ತಿಲ ಆಚೆಗೆ ಎರಡೂ ಕೈ ಚಾಚಿ ಅಮ್ಮನ ಪಾದವನ್ನು ಹಿಡಿದು, ಮೆಲ್ಲಗೆ ಎತ್ತಿ ಈಚೆಗೆ ತಂದು ಇಟ್ಟಳು. ಆಮೇಲೆ ಆ ಪಾದವನ್ನು ಬಿಡದೆ ಅದರ ಮೇಲೇ ತಲೆಯಿಟ್ಟು ಅತ್ತಳು. ಕಾತ್ಯಾಯಿನಮ್ಮ ಎಡಗೈಯಲ್ಲಿ ಅವಳ ತಲೆಯನ್ನು ತಡವುತ್ತ, ತಲೆಗೂದಲಿನ ಬಿಳಿಯನ್ನು ಕಂಡು ಹುಬ್ಬು ಗಂಟಿಕ್ಕಿದರು.

ನಮ್ಮ ಮನೆಯ ಕೆಳಗಿನ ಕೋಣೆಯನ್ನು ಅವರಿಗೆ ಬಿಟ್ಟುಕೊಟ್ಟೆ. ಹೊಲಿಗೆ ಮಿಷನ್ನುಗಳು ಜಗಲಿಗೆ ಬಂದವು. ಹೈಮ ತಾನು ಪಾಠ ಹೇಳುತ್ತಿದ್ದ ಕಾಲೇಜಿಗೆ ರಜೆ ಬರೆದುಹಾಕಿದಳು. ಶ್ರೀಕಂಠ ಆ ಮನೆಯಿಂದ ತಾಯಿಯ ಬಟ್ಟೆ, ಪಾತ್ರೆ, ತಂದೆಯ ಫೋಟೋ ತಂದುಕೊಟ್ಟು ತಾನೂ ಇಲ್ಲೇ ಊಟಕ್ಕೆ ಬರತೊಡಗಿದ. ಕೂತ ಜಾಗಕ್ಕೆ ಕಾಫಿ ಬಂದದ್ದನ್ನು ನೋಡಿ ಅವನು ಲೋಟ ಹಿಡಿದುಕೊಂಡೇ ಸ್ವಲ್ಪ ಹೊತ್ತು ಕೂತಿದ್ದ. ಕಾತ್ಯಾಯಿನಮ್ಮನಿಗೆ ಮಾತ್ರ ಮನೆಯಲ್ಲಿ ಕೂರುವ ಮನಸ್ಸಿರಲಿಲ್ಲ. ಮಗಳ ತೋಳು ಹಿಡಿದು ಬೀದಿಯ ಒಂದೊಂದೇ ಮನೆಗೆ ಹೋದರು. ಅವರು ಕಿಟಕಿಯಿಂದ ತಿದ್ದಿದ ಮಕ್ಕಳಿಗೇ ಈಗ ಮಕ್ಕಳಾಗಿದ್ದವು. ‘ಬನ್ನಿ ಒಳಗೆ, ಬನ್ನಿ’ ಎಂದು ಎಲ್ಲರೂ ಕರೆದರು. ಎಲ್ಲರ ಮನೆಯಲ್ಲೂ ಏನಾದರೊಂದು ತಿಂದರು.

ಆಡಿದ್ದು, ಓಡಾಡಿದ್ದು, ನಗಾಡಿದ್ದು, ಯಾವುದರಿಂದಲೋ ತಿಳಿಯದು, ಪದಗಳು ಒಂದೊಂದಾಗಿ ಮರಳತೊಡಗಿದವು. ಹೆಸರುಗಳು ಬಂದವು. ‘ಸಾಕು’, ‘ಬೇಕು’ ಬಂದವು. ವಾಕ್ಯ ಮಾತ್ರ ಬಂದಿರಲಿಲ್ಲ. ಒಂದು ಭಾನುವಾರ ನಾನು ಒಲೆ ಹಚ್ಚಲು ಹೋಗುತ್ತಿದ್ದೆ, ಹೈಮ ಹುರುಳಿಕಾಯಿ ಮುಂದಿಟ್ಟುಕೊಂಡಿದ್ದಳು. ಕಾತ್ಯಾಯಿನಮ್ಮ ಅಡಿಗೆಮನೆಯ ಬಾಗಿಲಿಗೆ ಬಂದು ನಿಂತರು. ಉಸಿರೆಳೆದುಕೊಂಡು, ಒಂದೊಂದೇ ಪದವನ್ನು ಎತ್ತಿಡುವ ಹಾಗೆ ಹೇಳಿದರು: ‘ಅಡಿಗೆ… ನಾನು… ಮಾಡ್ತೀನಿ.’

ನನ್ನ ಕೈಯಲ್ಲಿದ್ದ ಲೈಟರು ಕಿಡಿ ಕೊಡಲಿಲ್ಲ. ಹೈಮಳ ಚಾಕು ಹುರುಳಿಕಾಯಿಯ ಮೇಲೆ ಜಾರಿತೇ ಹೊರತು ಕತ್ತರಿಸಲಿಲ್ಲ. ಶ್ರೀಕಂಠ ಜಗಲಿಯಿಂದ ಓಡಿಬಂದ. ‘ಮಾತಾಡಿದ್ಲು ಅಮ್ಮ! ಆಡಿದ್ಲು ಪೂರ್ತಿ ವಾಕ್ಯ! ಹೇಳಿಬಿಡಮ್ಮಾ ಹಾಗೇ ಆ ಮನೆ ಮಾತೂ, ಈಗ್ಲೇ! ಹೇಳು ಒಂದ್ಸಲ, ಬರಲಿ ಎಲ್ಲರೂ ಅಂತ!’

ಕಾತ್ಯಾಯಿನಮ್ಮ ಅವನನ್ನು ಸೌಟಿನಿಂದಲೇ ಪಕ್ಕಕ್ಕೆ ಸರಿಸಿದರು. ‘ಮೊದ್ಲು ಊಟ’ ಎಂದರು.

ಎಡಗೈಯೊಂದರಿಂದಲೇ ಅಕ್ಕಿ ತೊಳೆದರು, ತರಕಾರಿ ಹೆಚ್ಚಿದರು. ಸಹಾಯಕ್ಕೆ ಹೋದವರ ಕೈ ಕೆಲಸ ಮಾಡುತ್ತಿರಲಿಲ್ಲ. ಮಾತನ್ನು ತಿರುಗಿಸಿ ಎಂದು ಅವರನ್ನು ಕೇಳುವ ಮನಸ್ಸೂ ಯಾರಿಗೂ ಬರಲಿಲ್ಲ. ನಾವು ಮೂವರೂ ಹಸಿದುಕೊಂಡು ಸಾಲಾಗಿ ಕೂತೆವು. ಮಧ್ಯಾಹ್ನ ಕಳೆಯಿತು. ಬಿಸಿಲು ಅಂಗಳದಿಂದ ಎದ್ದು ಗೋಡೆ ಹತ್ತಿತು. ದೀಪ ಹಚ್ಚುವ ಹೊತ್ತಿಗೆ ಅನ್ನ ಇಳಿಯಿತು, ಸ್ವಲ್ಪ ತಳ ಹಿಡಿದಿತ್ತು. ಪಲ್ಯದ ಹೋಳು ಒಂದು ದೊಡ್ಡದು, ಒಂದು ಸಣ್ಣದು. ಕಾತ್ಯಾಯಿನಮ್ಮ ಬಡಿಸಿ ಗೋಡೆಗೆ ಒರಗಿ ನಿಂತು, ಹೈಮ ಮೊದಲ ತುತ್ತು ಬಾಯಿಗಿಡುವುದನ್ನು ಕಣ್ಣು ಮಿಟುಕಿಸದೆ ನೋಡಿದರು.

ಹೈಮ ತಿಂದಳು. ತಳ ಹಿಡಿದದ್ದನ್ನೂ ಬಿಡದೆ ಎಲ್ಲವನ್ನೂ ತಿಂದಳು. ಆಮೇಲೆ ತಟ್ಟೆಯನ್ನು ಮುಂದೆ ಚಾಚಿ, ‘ಹಾಕಮ್ಮಾ ಇನ್ನೊಂದು ಸ್ವಲ್ಪ’ ಎಂದಳು.